ಲಿದಿತ್ಸೆಯ ಪ್ರತಿಮಾಸಮೂಹವೂ ಸಾಧಾರಣೀಕರಣವೂ

ಜೆಕ್ ದೇಶದ ಪ್ರಾಗ್ ನಗರಕ್ಕೆ ಸಮೀಪದಲ್ಲಿರುವ ಲಿದಿತ್ಸೆಯೆಂಬ ಗ್ರಾಮದ 82 ಮಕ್ಕಳ ಕಂಚಿನ ಪ್ರತಿಮೆಗಳು ರಸಶಾಸ್ತ್ರವನ್ನು ಬಲ್ಲವರ ಮುಂದೆ ಕಠಿನವಾದೊಂದು ಪ್ರಶ್ನೆಯನ್ನೊಡ್ಡುತ್ತವೆ. ಶೋಕವು ಕರುಣರಸವಾಗಬೇಕಾದರೆ ಅದು ವ್ಯಕ್ತಿವಿಶೇಷದ ಹಂಗನ್ನು ಕಳೆದುಕೊಳ್ಳಬೇಕೆಂಬುದು ಭಟ್ಟನಾಯಕನಿಂದೀಚೆಗೆ ಆಲಂಕಾರಿಕರಲ್ಲಿ ನೆಲೆಗೊಂಡ ಮತ. ಸತ್ತವರನ್ನು ಎಣಿಸಿ, ಒಬ್ಬೊಬ್ಬರಿಗೆ ಒಂದೊಂದರಂತೆ ಪ್ರತಿಮೆಯನ್ನು ನಿಲ್ಲಿಸಿದಲ್ಲಿ ಆ ಹಂಗು ಕಳೆಯುವುದೆಂತು?

ಇತಿವೃತ್ತವನ್ನು ಸಂಕ್ಷೇಪವಾಗಿ ಹೇಳಬಹುದು. 1942ನೆಯ ಇಸವಿಯ ಮೇ ತಿಂಗಳಲ್ಲಿ ನಾಜಿ ಅಧಿಕಾರಿಯಾದ ಹೈಡ್ರಿಖನ ಮೇಲೆ ಪ್ರಾಗಿನಲ್ಲಿ ಆಕ್ರಮಣವಾಗಿ, ಜೂನ್ 4ರಂದು ಅವನು ಸತ್ತನು. ಪ್ರತೀಕಾರಕ್ಕಾಗಿ ನಾಜಿಗಳು ಜೂನ್ 10ರಂದು ನಿರಪರಾಧಿಗಳಾದ ಲಿದಿತ್ಸೆಯ 173 ಮಂದಿ ಗಂಡಸರನ್ನು ಗುಂಡಿಕ್ಕಿ ಕೊಂದರು. ಹೆಂಗಸರನ್ನು ರಾವೆನ್ಸ್‌ಬ್ರೂಕಿನ ಬಂದೀಶಿಬಿರಕ್ಕೆ ಸಾಗಿಸಿದರು. 82 ಮಕ್ಕಳನ್ನು ಪೋಲೆಂಡಿನ ಖೆಲ್ಮ್‌ನೊದಲ್ಲಿ ವಿಷವಾಯುವಿನಿಂದ ಕೊಂದರು. ಊರನ್ನು ಸುಟ್ಟು ನೆಲಸಮಮಾಡಿದರು. ಅದರ ಹೆಸರೂ ಉಳಿಯಬಾರದೆಂಬುದು ಅವರ ಸಂಕಲ್ಪವಾಗಿದ್ದಿತು.

ಶಿಲ್ಪಿಯಾದ ಮರಿಯೆ ಉಖಿತಿಲೋವಾ ಎಂಬಾಕೆ 1969ರಿಂದ ಎರಡು ದಶಕಗಳ ಕಾಲ ಈ ಒಂದೇ ಕಾರ್ಯದಲ್ಲಿ ತೊಡಗಿದ್ದು, 1989ರಲ್ಲಿ ತೀರಿಕೊಂಡಳು. ಎರಕದ ಕೆಲಸವನ್ನು ಪತಿಯಾದ ಹಾಂಪ್ಲನು ಮುಂದುವರಿಸಿ 2000ದಲ್ಲಿ ಮುಗಿಸಿದನು. ಪ್ರತಿಮೆಗಳಲ್ಲಿ 42 ಹೆಣ್ಣುಮಕ್ಕಳವು, 40 ಗಂಡುಮಕ್ಕಳವು.

ಇಲ್ಲಿ ಕೊಲೆಗಾರನಿಲ್ಲ, ಆಯುಧವಿಲ್ಲ, ಹೆಣವಿಲ್ಲ. ಮಕ್ಕಳು ಒತ್ತೊತ್ತಾಗಿ ನಿಂತು, ಹಿಂದೆ ಊರಿದ್ದ ಬಯಲಿನ ಕಡೆಗೆ ಮುಖಮಾಡಿದ್ದಾರೆ, ಅಷ್ಟೆ. ವಧೆಯು ವಾಚ್ಯವಾಗದೆ ವ್ಯಂಗ್ಯವಾಗಿರುವುದೇ ಈ ಕೃತಿಯ ಜೀವಾಳ. ಬೀಭತ್ಸವನ್ನು ತೋರಿಸಿ ಕರುಣೆಯನ್ನು ಎಬ್ಬಿಸಹೊರಡುವ ಅನೇಕ ಯುದ್ಧಸ್ಮಾರಕಗಳಿಗಿಂತ ಇದು ಎಷ್ಟೋ ಮೇಲು. ನಮ್ಮ ನಾಡಿನ ವೀರಗಲ್ಲುಗಳೊಡನೆ ಇದನ್ನು ಹೋಲಿಸುವುದೂ ತಕ್ಕುದಲ್ಲ: ಅಲ್ಲಿ ಮಡಿದವನು ಕಾದಿ ಮಡಿದವನು, ಅವನಿಗೆ ಮೇಲಣ ಪಟ್ಟಿಕೆಯಲ್ಲಿ ಸ್ವರ್ಗವುಂಟು. ಇಲ್ಲಿ ಮೇಲಣ ಪಟ್ಟಿಕೆಯೇ ಇಲ್ಲ.

ದೋಷವೊಂದನ್ನು ಹೇಳದಿರಲಾಗದು. ಪ್ರತಿಮೆಗಳು ನಿಜವಾದ ಮಕ್ಕಳಿಗಿಂತ ದೊಡ್ಡವು. ಮಗುವಿನ ಕಿರಿತನವಲ್ಲವೆ ವಾತ್ಸಲ್ಯಕ್ಕೆ ಆಲಂಬನ! ಅದನ್ನು ಹಿಗ್ಗಿಸಿದಷ್ಟೂ ಗಾಂಭೀರ್ಯವು ಹೆಚ್ಚಿ ಮಾರ್ದವವು ಕುಗ್ಗುತ್ತದೆ.

ಇನ್ನು ಮೊದಲ ಪ್ರಶ್ನೆ. ಶಿಲ್ಪಿಯು ಕೃತಿಗಿಟ್ಟ ಹೆಸರು ಯುದ್ಧಕ್ಕೆ ಬಲಿಯಾದ ಮಕ್ಕಳ ಸ್ಮಾರಕವೆಂದು. ಹೆಸರು ಸಾಧಾರಣ, ಸಂಖ್ಯೆ ವಿಶೇಷ. ತಾಯಿಯೊಬ್ಬಳು ಮಗುವನ್ನಪ್ಪಿದ ಒಂದೇ ಮೂರ್ತಿಯನ್ನು ಕಡೆದಿದ್ದರೆ ಶಾಸ್ತ್ರಕ್ಕೆ ತೃಪ್ತಿಯಾಗುತ್ತಿದ್ದಿತೇನೋ. ಆದರೆ ಊರನ್ನೂ ಹೆಸರನ್ನೂ ಅಳಿಸಹೊರಟವರ ಕೃತ್ಯಕ್ಕೆ ಪ್ರತಿಯಾಗಿ ನಿಂತ ಸ್ಮಾರಕದಲ್ಲಿ, ಸತ್ತವರನ್ನು ಒಂದು ಸಾಮಾನ್ಯಮೂರ್ತಿಯಲ್ಲಿ ಕರಗಿಸುವುದು ಆ ಅಳಿಸುವಿಕೆಗೇ ಕೈಗೊಟ್ಟಂತೆ. ಕಾವ್ಯದಲ್ಲಿ ವಿಶೇಷವು ಕರಗಲೇಬೇಕು. ಸ್ಮಾರಕದಲ್ಲಿ ಅದು ಕರಗದೆ ಒಂದಿಷ್ಟು ಉಳಿಯಲೇಬೇಕು. ಇದನ್ನು ರಸವಿಘ್ನವೆಂದು ಎಣಿಸುವವರು ಸ್ಮಾರಕವನ್ನು ಕಾವ್ಯದ ಅಳತೆಗೋಲಿನಿಂದಲೇ ಅಳೆಯುತ್ತಾರೆ. ನೋಡಬಂದವರು ಆ ಪ್ರತಿಮೆಗಳ ಕಾಲಬಳಿ ಆಟಿಕೆಗಳನ್ನು ಇಟ್ಟುಹೋಗುತ್ತಾರೆ. ನಾಟಕವನ್ನು ನೋಡುವ ಸಹೃದಯನು ರಂಗಕ್ಕೇರಿ ಪಾತ್ರದ ಕಣ್ಣೀರನ್ನು ಒರಸುವುದಿಲ್ಲ. ಇಲ್ಲಿಗೆ ಬಂದವನು ಬೊಂಬೆಯನ್ನು ತರುತ್ತಾನೆ.