'ಅವಸ್ಥೆ'ಯ ಪಾಪಪ್ರಜ್ಞೆ ಯಾರದು?

ಕೃಷ್ಣ ಮಾಸಡಿಯವರ 'ಅವಸ್ಥೆ' (1987) ಒಬ್ಬ ಸಮಾಜವಾದಿ ನಾಯಕನ ಪಾಪಪ್ರಜ್ಞೆಯ ಚಿತ್ರ. ಕೃಷ್ಣಪ್ಪ ಪಾರ್ಶ್ವವಾಯು ಬಡಿದು ಹಾಸಿಗೆ ಹಿಡಿದಿದ್ದಾನೆ. ಬಿದ್ದಲ್ಲೇ ತನ್ನ ಬದುಕನ್ನು ತಾನೇ ಕೆದಕುತ್ತಾನೆ: ದನ ಕಾಯ್ತಿದ್ದವನು ಎಲ್ಲಿಗೆ ಬಂದು ನಿಂತೆ? ಅನಂತಮೂರ್ತಿಯವರ ಕಾದಂಬರಿ ಬಂದದ್ದು 1978ರಲ್ಲಿ, ತುರ್ತುಪರಿಸ್ಥಿತಿ ಮುಗಿದ ಮರುವರ್ಷ. ಕೃಷ್ಣಪ್ಪನ ಮೇಲೆ ಶಾಂತವೇರಿ ಗೋಪಾಲಗೌಡರ ನೆರಳಿರುವುದನ್ನು ನಮ್ಮ ಕಡೆಯವರಿಗೆ ಬಿಡಿಸಿ ಹೇಳಬೇಕಿಲ್ಲ. 1952ರಲ್ಲಿ ಸಾಗರ-ಹೊಸನಗರದಿಂದ, ಆಮೇಲೆ ತೀರ್ಥಹಳ್ಳಿಯಿಂದ ಗೆದ್ದ ಗೌಡರು ತೀರಿಕೊಂಡದ್ದು 1972ರಲ್ಲಿ. ಸರ್ವಾಧಿಕಾರವನ್ನು ಅವರು ನೋಡಲೇ ಇಲ್ಲ.

ನೋಡಿದವರ ಕಥೆ ಬೇರೆ. 'ಸಂಸ್ಕಾರ' ಚಿತ್ರದ ಚಂದ್ರಿ, ಸ್ನೇಹಲತಾ ರೆಡ್ಡಿ, 1976ರಲ್ಲಿ ಬೆಂಗಳೂರು ಜೈಲು ಸೇರಿದರು. ಆಸ್ತಮಾದ ಜೀವ, ಪೆರೋಲಿನ ಮೇಲೆ ಹೊರಬಂದ ಕೆಲವೇ ದಿನಕ್ಕೆ, 1977ರ ಜನವರಿಯಲ್ಲಿ, ಹೋಗಿಬಿಟ್ಟರು. ಆ 'ಸಂಸ್ಕಾರ'ದಲ್ಲೂ ಹೀಗೇ ಅಲ್ಲವೆ? ಒದ್ದಾಡುವ ಹಕ್ಕು ಪ್ರಾಣೇಶಾಚಾರ್ಯನದು. ಚಂದ್ರಿ ಕಥೆಯಿಂದ ಎದ್ದು ಹೋಗುತ್ತಾಳೆ, ಅಷ್ಟೆ.

ಅನಂತನಾಗ್ ಚೆನ್ನಾಗಿ ಮಾಡಿದ್ದಾರೆ, ಅದರಲ್ಲಿ ತಕರಾರಿಲ್ಲ. ತಕರಾರಿರುವುದು ಆ ಹಾಸಿಗೆಯ ಬಗ್ಗೆ. ರೈತರು, ಹೋರಾಟ ಎಲ್ಲಾ ನಾಯಕನ ನೆನಪಿನ ಕಿಂಡಿಯಿಂದಲೇ ಕಾಣಬೇಕು. 1951ರಲ್ಲಿ ಕಾಗೋಡಿನ ದೀವರ ಗೇಣಿದಾರರು ಕೊಳಗದ ಅಳತೆಯ ಮೋಸಕ್ಕೆ ತಿರುಗಿ ನಿಂತರು. ಲೋಹಿಯಾ ಬಂದು ಬಂಧನಕ್ಕೊಳಗಾದರು. ಆದರೆ ಮಲೆನಾಡಿನ ಎಷ್ಟೋ ಗೇಣಿದಾರರಿಗೆ ಗದ್ದೆ ದಕ್ಕಿದ್ದು ಯಾವಾಗ? 1974ರ ಭೂಸುಧಾರಣೆ ತಿದ್ದುಪಡಿ ಜಾರಿಗೆ ಬಂದ ಮೇಲೆ. ಭೂನ್ಯಾಯ ಮಂಡಳಿಗಳು ಡಿಕ್ಲರೇಷನ್ ಹಿಡಿದು ಕೂತದ್ದು ಅದೇ ತುರ್ತುಪರಿಸ್ಥಿತಿಯ ದಿನಗಳಲ್ಲೂ ಹೌದು. ಸಮಾಜವಾದಿಗಳು ಜೈಲಲ್ಲಿ, ಗದ್ದೆ ಗೇಣಿದಾರನ ಹೆಸರಿಗೆ! ಬಾಯಿ ಕಟ್ಟಿದ ಸರ್ಕಾರವೇ ಭೂಮಿಯನ್ನೂ ಕೊಟ್ಟಾಗ ಬಡವ ಏನು ಮಾಡಬೇಕಿತ್ತು? ಬೇಡ ಅನ್ನಬೇಕಿತ್ತೆ? ನೈತಿಕ ಇಕ್ಕಟ್ಟು ಅಂದರೆ ಇದು ಕಣ್ರೀ. ಚಿತ್ರ ಇದರ ಹತ್ತಿರಕ್ಕೂ ಸುಳಿಯುವುದಿಲ್ಲ.

ಇನ್ನೂ ಒಂದು ಮೆಟ್ಟಿಲು ಕೆಳಗಿಳಿಯಿರಿ. 'ಉಳುವವನೇ ಹೊಲದೊಡೆಯ' ಅಂದರು. ಕಾನೂನು ಹುಡುಕಿದ್ದು ಗೇಣಿದಾರನನ್ನ, ಉಳುವವನನ್ನಲ್ಲ. ಅವನ ಗದ್ದೆಯಲ್ಲಿ ಕೆಸರು ತುಳಿದ ದಲಿತ ಆಳಿಗೆ ಗೇಣಿ ಚೀಟಿಯೂ ಇಲ್ಲ, ಡಿಕ್ಲರೇಷನ್ನೂ ಇಲ್ಲ. ನಿನ್ನೆಯ ಗೇಣಿದಾರ ಇವತ್ತು ಒಡೆಯ. ಆಳು ಮಾತ್ರ ಆಳೇ. ಇದಕ್ಕೆ ಯಾರಾದರೂ ಹಾಸಿಗೆ ಹಿಡಿದು ಕೊರಗಿದ್ದುಂಟೆ?

ಮೇಷ್ಟ್ರುಗಳೇ, ಈ ಚಿತ್ರ ತೋರಿಸುವುದಾದರೆ ಮುಗಿದ ಮೇಲೆ ಹುಡುಗರನ್ನ ಸುಮ್ಮನೆ ಕಳಿಸಬೇಡಿ. ಮನೆಯ ಗದ್ದೆ ಯಾವ ವರ್ಷ ಯಾರ ಹೆಸರಿಗಾಯ್ತು, ಆಗ ಅದನ್ನು ಉತ್ತವರು ಯಾರು, ಅವರ ಮಕ್ಕಳು ಈಗೆಲ್ಲಿದ್ದಾರೆ ಅಂತ ಕೇಳಿಕೊಂಡು ಬರಲಿ.