ಕರೆಯದೆ ಬಂದ ರಕ್ಷಕ

‘ದಿ ಈಕ್ವಲೈಝರ್’ (2014) ಬಗ್ಗೆ ಆ್ಯಕ್ಷನ್ ಪ್ರಿಯರ ಮಾತು ಹೆಚ್ಚುಕಡಿಮೆ ಒಂದೇ: ಶುರು ನಿಧಾನ, ಆದರೆ ಡೆನ್ಜೆಲ್ ವಾಷಿಂಗ್ಟನ್ ಹಾರ್ಡ್‌ವೇರ್ ಮಳಿಗೆಯೊಳಗೆ ವೈರಿಗಳನ್ನು ಒಬ್ಬೊಬ್ಬರನ್ನಾಗಿ ಮುಗಿಸುವ ಕ್ಲೈಮ್ಯಾಕ್ಸ್‌ಗೆ ಸಾಟಿಯಿಲ್ಲ, ಸಪ್ಪೆಯಾಗಿದ್ದ ಹಳೇ ಟಿವಿ ಧಾರಾವಾಹಿಗೆ ನಿರ್ದೇಶಕ ಆಂಟ್ವಾನ್ ಫುಕ್ವಾ ಕಸುವು ತುಂಬಿದರು. ನಾನು ಇದನ್ನು ಒಪ್ಪಲಾರೆ. ಚಿತ್ರದ ಜೀವವಿರುವುದು ಆ ನಿಧಾನದಲ್ಲಿ. ಧಾರಾವಾಹಿಯಲ್ಲಿದ್ದ ಮುಖ್ಯವಾದದ್ದೊಂದನ್ನು ಚಿತ್ರ ಕೈಬಿಟ್ಟಿದೆ ಕೂಡ.

1985ರಿಂದ 1989ರವರೆಗೆ ಅಮೆರಿಕದ ಸಿಬಿಎಸ್ ವಾಹಿನಿಯಲ್ಲಿ ಬಂದ ಧಾರಾವಾಹಿಯಲ್ಲಿ ನಾಯಕ ರಾಬರ್ಟ್ ಮೆಕಾಲ್ ಆಗಿದ್ದವರು ಎಡ್ವರ್ಡ್ ವುಡ್‌ವರ್ಡ್. ನರೆತ ಕೂದಲು, ಬೆನ್ನಟ್ಟಿ ಬರುವ ಗುಪ್ತಚರ ದಿನಗಳ ಪಾಪಪ್ರಜ್ಞೆ, ದೂರ ಸರಿದ ಮಗ. ಕಷ್ಟದಲ್ಲಿರುವವರು ಫೋನ್ ಮಾಡಿ ಎಂದು ಆತ ಪತ್ರಿಕೆಯಲ್ಲಿ ಜಾಹೀರಾತು ಕೊಡುತ್ತಾನೆ. ನ್ಯೂಯಾರ್ಕಿನ ಯಾವುದೋ ಮೂಲೆಯಿಂದ ಯಾರೋ ಕರೆ ಮಾಡುತ್ತಾರೆ, ಆತ ಕೇಳಿಸಿಕೊಳ್ಳುತ್ತಾನೆ. ಕಾನೂನು ಮೀರಿ ಆತ ನಡೆಸುವ ಹಿಂಸೆಗೆ ಇದ್ದ ಒಂದೇ ಕಡಿವಾಣ ಆ ಕರೆ. ನೊಂದವರು ಬಾಯಿಬಿಟ್ಟು ಕೇಳಬೇಕಿತ್ತು.

ಚಿತ್ರದಲ್ಲಿ ಆ ಜಾಹೀರಾತು ಬರುವುದೇ ಕಟ್ಟಕಡೆಗೆ, ಇಂಟರ್ನೆಟ್ಟಿನಲ್ಲಿ. ಬಾಸ್ಟನ್‌ನ ಹೋಟೆಲೊಂದರಲ್ಲಿ ನಿದ್ದೆ ಬಾರದ ರಾತ್ರಿಗಳನ್ನು ಪುಸ್ತಕ ಓದುತ್ತ ಕಳೆಯುವ ಮೆಕಾಲ್‌ಗೆ, ವೇಶ್ಯಾವಾಟಿಕೆ ದಂಧೆಯವರ ಹಿಡಿತದಲ್ಲಿರುವ ಟೆರಿ ಎಂಬ ಹುಡುಗಿಯ ಪರಿಚಯವಾಗುತ್ತದೆ. ಆಕೆ ಹಾಡುಗಾರ್ತಿಯಾಗುವ ಕನಸು ಹೇಳಿಕೊಳ್ಳುತ್ತಾಳೆ; ಕಾಪಾಡು ಎಂದು ಕೇಳುವುದಿಲ್ಲ. ಆಕೆ ಏಟು ತಿಂದು ಆಸ್ಪತ್ರೆ ಸೇರಿದ ಮೇಲೆ ಮೆಕಾಲ್ 9,800 ಡಾಲರ್ ಹಿಡಿದು ಅವಳ ಬಿಡುಗಡೆ ಕೇಳಲು ಹೋಗುತ್ತಾನೆ. ಅವರು ಗೇಲಿ ಮಾಡುತ್ತಾರೆ. ಹೊರಟವನು ಬಾಗಿಲು ತೆರೆಯುತ್ತಾನೆ, ಮುಚ್ಚುತ್ತಾನೆ, ಮತ್ತೆ ತೆರೆಯುತ್ತಾನೆ. ಹೋಗಲೋ ಇರಲೋ ಎಂಬ ಆ ತಾಕಲಾಟವನ್ನು ವಾಷಿಂಗ್ಟನ್ ಒಂದೂ ಮಾತಿಲ್ಲದೆ ತೋರಿಸುತ್ತಾರೆ. ಅದ್ಭುತ ನಟನೆ! ಆದರೆ ಅಲ್ಲಿ ರಕ್ತ ಹರಿದ ಮೇಲೆ ಚಿತ್ರ ಟೆರಿಯನ್ನೇ ಮರೆತುಬಿಡುತ್ತದೆ. ಕತೆ ಆ ದಂಧೆ ನಡೆಸುವ ರಷ್ಯನ್ ಮಾಫಿಯಾದ ಹಿಂದೆ ಓಡುತ್ತದೆ. ಆಕೆ ಮರಳುವುದು ಕೊನೆಗೆ, ಕೃತಜ್ಞತೆ ಹೇಳಲು. ಯಾರ ನೋವಿನಿಂದ ಎಲ್ಲ ಶುರುವಾಯಿತೋ ಅವಳು ಬರೀ ನೆಪವಾದಳು.

ಪ್ರತೀಕಾರದ ಚಿತ್ರ, ಹೊಡೆದಾಟ ಇರಲೇಬೇಕಲ್ಲ ಎನ್ನಬಹುದು. ಹಾಗಾದರೆ ಇದೇ ಚಿತ್ರದ ಇನ್ನೊಂದು ಪ್ರಸಂಗ ನೋಡಿ. ಮೆಕಾಲ್ ಕೆಲಸ ಮಾಡುವ ಮಳಿಗೆಗೆ ನುಗ್ಗಿದ ದರೋಡೆಕೋರ ಕ್ಯಾಷಿಯರ್ ಹುಡುಗಿಯ ಉಂಗುರ ಕಿತ್ತುಕೊಂಡು ಹೋಗುತ್ತಾನೆ. ಮುಂದೆ ಮೆಕಾಲ್ ಮಾರಾಟದ ಕಪಾಟಿನಿಂದ ಒಂದು ಸುತ್ತಿಗೆ ಎತ್ತಿಕೊಳ್ಳುತ್ತಾನೆ. ನಂತರ ಅದನ್ನು ಒರೆಸಿ ಅಲ್ಲೇ ಇಡುತ್ತಾನೆ. ಉಂಗುರ ಹುಡುಗಿಗೆ ಗಲ್ಲಾಪೆಟ್ಟಿಗೆಯಲ್ಲೇ ಸಿಗುತ್ತದೆ. ನಡುವೆ ಏನಾಯಿತೆಂದು ತೋರಿಸುವುದೇ ಇಲ್ಲ. ಇಷ್ಟು ನಂಬಿಕೆಯಿಂದ ಪ್ರೇಕ್ಷಕನ ಊಹೆಗೆ ಬಿಟ್ಟ ನಿರ್ದೇಶಕರೇ ಕ್ಲೈಮ್ಯಾಕ್ಸ್‌ನಲ್ಲಿ ಅದೇ ಮಳಿಗೆಯೊಳಗೆ ಮುಳ್ಳುತಂತಿ, ಡ್ರಿಲ್, ಮೊಳೆ ಹೊಡೆಯುವ ಗನ್ನು ಎಲ್ಲವನ್ನೂ ದೇಹಗಳ ಮೇಲೆ ಪ್ರದರ್ಶನಕ್ಕಿಡುತ್ತಾರೆ. ಅಲ್ಲಿ ಮೆಕಾಲ್‌ಗೆ ಅಳುಕಿಲ್ಲ. ಬಾಗಿಲ ಬಳಿ ತಡವರಿಸಿದ ಮನುಷ್ಯ ಎಲ್ಲಿ ಹೋದ?

ನನಗೆ ಹೆಚ್ಚು ಬೇಕಿದ್ದದ್ದು ರಾಲ್ಫಿಯ ಕತೆ. ಸೆಕ್ಯುರಿಟಿ ಗಾರ್ಡ್ ಆಗಬೇಕೆಂದಿರುವ ಈ ದಪ್ಪ ದೇಹದ ಸಹೋದ್ಯೋಗಿಗೆ ಮೆಕಾಲ್ ಊಟದ ಪಥ್ಯ ಹೇಳುತ್ತಾನೆ, ವ್ಯಾಯಾಮ ಮಾಡಿಸುತ್ತಾನೆ, ಕೈಬಿಡದೆ ಹುರಿದುಂಬಿಸುತ್ತಾನೆ. ವುಡ್‌ವರ್ಡ್‌ರ ಮೆಕಾಲ್‌ಗೆ ಈ ಚಿತ್ರ ಅತಿ ಹತ್ತಿರ ಬರುವುದು ಅಲ್ಲಿ. 132 ನಿಮಿಷಗಳಲ್ಲಿ ಅದಕ್ಕೆ ಸಿಕ್ಕಿದ್ದು ಹೊಡೆದಾಟಗಳ ನಡುವಿನ ಬಿಡುವು ಮಾತ್ರ.