ಒಂದು ದಿನದ ಬರ್ಗಂಡಿ: ಸ್ಥಳಪುರಾಣ ಮತ್ತು ಪಹಣಿ

ಸಿನಿಮಾಕ್ಕೆ ವಿಮರ್ಶೆ ಇದೆ, ಪುಸ್ತಕಕ್ಕಿದೆ, ನಿನ್ನೆ ತೆರೆದ ದರ್ಶಿನಿಯ ಇಡ್ಲಿಗೂ ಇದೆ. ಗೈಡೆಡ್ ಟೂರ್‌ಗೆ ಮಾತ್ರ ಬರೀ ಸ್ಟಾರ್‌ಗಳು. 'ಗೈಡ್ ತುಂಬಾ ಫ್ರೆಂಡ್ಲಿ, ಕಾರು ಕ್ಲೀನ್, ಐದಕ್ಕೆ ಐದು' ಅಂತ ಬರೆದು ಮುಗಿಸ್ತೀವಿ. ಆದರೆ ಟೂರ್ ಅನ್ನೋದೂ ಒಂದು ಕೃತಿಯೇ ಅಲ್ವಾ? ಅದಕ್ಕೂ ಒಬ್ಬ ನಿರೂಪಕ ಇರ್ತಾನೆ, ಆರಂಭ ಇರುತ್ತೆ, ಕ್ಲೈಮ್ಯಾಕ್ಸ್ ಇರುತ್ತೆ, ಎಡಿಟಿಂಗ್‌ನಲ್ಲಿ ಹಾರಿಸಿದ ದೃಶ್ಯಗಳೂ ಇರುತ್ತವೆ. ಆಫೀಸ್ ಕೆಲಸಕ್ಕೆ ಪ್ಯಾರಿಸ್‌ಗೆ ಹೋಗಿದ್ದಾಗ ಉಳಿದ ಒಂದು ಶನಿವಾರದಲ್ಲಿ ನಾನು ಬರ್ಗಂಡಿಯ ದ್ರಾಕ್ಷಿ ಸೀಮೆಗೆ 'ಪ್ರೈವೇಟ್ ಡೇ ಟ್ರಿಪ್' ಮಾಡಿದೆ. ಅದನ್ನು ಒಂದು ಕೃತಿಯ ಹಾಗೆ ಓದುವ ಪ್ರಯತ್ನ ಇದು.

ಕಥಾಹಂದರ ಸರಳ. ಪ್ಯಾರಿಸ್‌ನಿಂದ ದಿಜೋನ್‌ಗೆ ಟಿಜಿವಿ ರೈಲು, ಒಂದೂವರೆ ಗಂಟೆ ಚಿಲ್ಲರೆ. ಸ್ಟೇಷನ್ ಹೊರಗೆ ಕಾರಿನ ಜೊತೆ ಗೈಡ್. ಅಲ್ಲಿಂದ ದಕ್ಷಿಣಕ್ಕೆ ಒಂದು ಉದ್ದನೆಯ, ಸಣ್ಣ ಇಳಿಜಾರು. ಸುಮಾರು ಐವತ್ತು ಅರವತ್ತು ಕಿಲೋಮೀಟರ್ ಅಷ್ಟೇ. ಬೆಳಿಗ್ಗೆ ಜೆವ್ರೆ-ಶಾಂಬೆರ್ತಾಂ, ವೂಜೊ, ವೋನ್-ರೊಮಾನೆ ಹಳ್ಳಿಗಳು. ಮಧ್ಯಾಹ್ನ ಬೋನ್ ಪಟ್ಟಣದಲ್ಲಿ ಊಟ. ಆಮೇಲೆ ಒಂದು ನೆಲಮಾಳಿಗೆಯಲ್ಲಿ ವೈನ್ ರುಚಿ. ಸಂಜೆ ವಾಪಸ್ ರೈಲು. ಖರ್ಚು ಬೆಂಗಳೂರಿನಲ್ಲಿ ಒಂದು ಟೂ ಬಿಎಚ್‌ಕೆ ಮನೆಯ ತಿಂಗಳ ಬಾಡಿಗೆಯಷ್ಟು. ಹಾಗಾಗಿ ವಿಮರ್ಶೆ ಮಾಡುವ ಹಕ್ಕು ನನಗಿದೆ ಅಂದುಕೊಂಡಿದ್ದೇನೆ.

ಮೊದಲು ಚೆನ್ನಾಗಿದ್ದದ್ದನ್ನು ಹೇಳಿಬಿಡ್ತೀನಿ. ನೆಲಮಾಳಿಗೆಯಲ್ಲಿ ಬೆಳೆಗಾರರು ಎರಡು ಗ್ಲಾಸ್ ಮುಂದಿಟ್ಟರು. ಎರಡೂ ಪಿನೊ ನ್ವಾರ್ ದ್ರಾಕ್ಷಿ, ಎರಡೂ ಒಂದೇ ವರ್ಷದ್ದು, ಮಾಡಿದ ಕೈಯೂ ಒಂದೇ. ಒಂದರ ದ್ರಾಕ್ಷಿ ಇಳಿಜಾರಿನ ಕೆಳಗಿನ ತುಂಡಿನದ್ದು, ಇನ್ನೊಂದರದ್ದು ನಡು ಇಳಿಜಾರಿನದ್ದು. ಮಧ್ಯೆ ನಡೆದರೆ ಐದು ನಿಮಿಷದ ದಾರಿ. ಕೆಳಗೆ ಮಣ್ಣು ಆಳ, ನೀರು ನಿಲ್ಲುತ್ತೆ. ನಡುವಿನಲ್ಲಿ ಸುಣ್ಣಕಲ್ಲು, ತೆಳು ಮಣ್ಣು, ನೀರು ಬಸಿದು ಹೋಗುತ್ತೆ, ಪೂರ್ವದ ಎಳೆ ಬಿಸಿಲು ಬೀಳುತ್ತೆ. ಮೊದಲನೆಯದು ಕುಡಿದ ತಕ್ಷಣ ಮುಗಿದುಹೋಯಿತು. ಎರಡನೆಯದು ನಾಲಿಗೆ ಮೇಲೆ ಕೂತು ಮಾತಾಡ್ತಾ ಇತ್ತು. 'ತೆರುಆ' ಅನ್ನೋ ಫ್ರೆಂಚ್ ಪದದ ಬಗ್ಗೆ ಎಷ್ಟು ಲೇಖನ ಓದಿದರೂ ತಲೆಗೆ ಹೋಗದ ವಿಷಯ ಎರಡು ಗುಟುಕಿನಲ್ಲಿ ಹೋಯಿತು. ನಮ್ಮ ಅಜ್ಜಿಯರು 'ಅದು ಆ ಮಣ್ಣಿನ ಗುಣ ಕಣೋ' ಅಂತಾರಲ್ಲ, ಅದೇ. ಈ ಇಪ್ಪತ್ತು ನಿಮಿಷಕ್ಕೆ ಐದಕ್ಕೆ ಐದು.

ಇನ್ನು ಉಳಿದ ದಿನದ ವಿಷಯ. ನಮ್ಮ ಗೈಡ್ ಒಳ್ಳೆಯ ಮಾತುಗಾರ, ಹರಿಕಥೆ ದಾಸರ ಹಾಗೆ. ಎಲ್ಲಿ ನಿಲ್ಲಿಸಬೇಕು, ಎಲ್ಲಿ ದನಿ ಇಳಿಸಬೇಕು, ಎಲ್ಲಿ ಉಪಕಥೆ ತರಬೇಕು ಎಲ್ಲಾ ಗೊತ್ತು. ಸಮಸ್ಯೆ ಇರೋದು ಆತ ಹೇಳಿದ ಪ್ರಕಾರದಲ್ಲಿ. ಅದು ಸ್ಥಳಪುರಾಣ. ಸನ್ಯಾಸಿಗಳು ಬಂದರು, ಮಣ್ಣಿನ ರುಚಿ ನೋಡಿ ಗಡಿ ಗುರುತಿಸಿದರು, ಅಂದಿನಿಂದ ಇಂದಿನವರೆಗೂ ಏನೂ ಬದಲಾಗಿಲ್ಲ, ಸಾವಿರ ವರ್ಷದಿಂದ ಹೀಗೇ ಇದೆ. ದಿನವಿಡೀ ಕೇಳಿದ ಪಲ್ಲವಿ ಇದೇ.

ಕ್ಲೈಮ್ಯಾಕ್ಸ್ ದೃಶ್ಯ ರೊಮಾನೆ-ಕೋಂತಿ ತೋಟದ ಎದುರು. ಜಗತ್ತಿನ ಅತಿ ದುಬಾರಿ ವೈನ್‌ಗಳಲ್ಲಿ ಒಂದು ಹುಟ್ಟೋದು ಇಲ್ಲಿ, ಸುಮಾರು 1.8 ಹೆಕ್ಟೇರ್, ಅಂದರೆ ನಾಲ್ಕೂವರೆ ಎಕರೆಯಲ್ಲಿ. ಗೋಡೆಯ ಹತ್ತಿರ ಒಂದು ಕಲ್ಲಿನ ಶಿಲುಬೆ. ಒಳಗೆ ಕಾಲಿಡಬೇಡಿ ಅಂತ ಒಂದು ವಿನಂತಿ ಫಲಕ. ಗರ್ಭಗುಡಿ ಹೊರಗೆ ನಿಂತ ಹಾಗೆ ಎಲ್ಲರೂ ಸ್ವಲ್ಪ ಹೊತ್ತು ಸುಮ್ಮನಾಗ್ತಾರೆ, ಫೋಟೋ ತೆಗೀತಾರೆ, ಹೊರಡ್ತಾರೆ. ದರ್ಶನ ಆಯ್ತು.

ಇಲ್ಲಿ ಹೇಳಬಹುದಾಗಿದ್ದ ಕಥೆ ಬೇರೆ ಇತ್ತು. ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಫಿಲೊಕ್ಸೆರಾ ಅನ್ನೋ ಸಣ್ಣ ಹುಳ ಅಮೆರಿಕದಿಂದ ಬಂದು ಫ್ರಾನ್ಸಿನ ದ್ರಾಕ್ಷಿ ಬೇರುಗಳನ್ನೇ ತಿಂದುಹಾಕಿತು. ಕೊನೆಗೆ ಉಳಿದ ಉಪಾಯ ಅಂದರೆ ಆ ಹುಳವನ್ನು ತಡೆದುಕೊಳ್ಳುವ ಅಮೆರಿಕದ ಬೇರಿಗೇ ಫ್ರೆಂಚ್ ಬಳ್ಳಿಯನ್ನು ಕಸಿ ಕಟ್ಟೋದು. ರೊಮಾನೆ-ಕೋಂತಿಯವರು ಹಠ ಹಿಡಿದು ಹಳೇ ಬಳ್ಳಿಗಳನ್ನೇ ಔಷಧಿ ಹಾಕಿ ಉಳಿಸಿಕೊಂಡರು. 1945ರಲ್ಲಿ ಅದೂ ಆಗದೆ ಬಳ್ಳಿಗಳನ್ನು ಕಿತ್ತರು. ಕಸಿ ಕಟ್ಟಿದ ಹೊಸ ಬಳ್ಳಿ ನೆಟ್ಟ ಮೇಲೆ 1952ರವರೆಗೂ ಆ ಹೆಸರಿನ ವೈನ್ ಬರಲಿಲ್ಲ. ಅಂದರೆ ನಾವು ಕೈಮುಗಿದು ನಿಂತ ಗರ್ಭಗುಡಿಯ ಕೆಳಗೆ ಇರೋದು ಅಮೆರಿಕದ ಬೇರು. ಆ ಸೋಲು, ಆ ಹಠ, ಆ ಕಸಿ ಕೇಳಿದರೆ ತೋಟದ ಮೇಲೆ ಗೌರವ ಹೆಚ್ಚೇ ಆಗುತ್ತೆ. ಆದರೆ 'ಏನೂ ಬದಲಾಗಿಲ್ಲ' ಅನ್ನೋ ಪಲ್ಲವಿಗೆ ಅದು ಹೊಂದಲ್ಲ. ಹಾಗಾಗಿ ಎಡಿಟಿಂಗ್‌ನಲ್ಲಿ ಹೋಯ್ತು.

ಕ್ಲೋ ದ ವೂಜೊ ಇನ್ನೂ ಸ್ವಾರಸ್ಯ. 1098ರಲ್ಲಿ ಶುರುವಾದ ಸಿತೊ ಮಠದ ಸನ್ಯಾಸಿಗಳು ಕಟ್ಟಿ ಬೆಳೆಸಿದ, ಗೋಡೆ ಸುತ್ತಿದ ತೋಟ, ಸುಮಾರು 50 ಹೆಕ್ಟೇರ್. ಫ್ರೆಂಚ್ ಕ್ರಾಂತಿ ಅದನ್ನು ಮಠದಿಂದ ಕಿತ್ತು ಹರಾಜು ಹಾಕಿತು. 1889ರಲ್ಲಿ ಹಲವರ ಕೈಗೆ ಹಂಚಿಹೋಯಿತು. ಆಮೇಲೆ ಮಾರಾಟ, ಮದುವೆ, ಮಕ್ಕಳ ನಡುವೆ ಪಾಲು ಅಂತ ಹರಿದು ಹರಿದು ಈಗ ಸುಮಾರು 80 ಮಾಲೀಕರು. ನಮ್ಮೂರಲ್ಲಿ ಒಂದು ಸರ್ವೆ ನಂಬರಿಗೆ ಹತ್ತು ಹಿಸ್ಸಾ ಆಗಿ, ಪಹಣಿಯಲ್ಲಿ ಅಣ್ಣತಮ್ಮಂದಿರ ಹೆಸರು ಸಾಲಾಗಿ ನಿಲ್ಲೋದಿಲ್ವಾ, ಥೇಟ್ ಹಾಗೆ. ಬರ್ಗಂಡಿಯಲ್ಲಿ ಇಂಥ ಒಂದೊಂದು ತುಂಡಿಗೂ 'ಕ್ಲಿಮಾ' ಅಂತ ಹೆಸರು. 2015ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿದ್ದು ಅಂಥ 1,247 ತುಂಡುಗಳು.

ಈಗ ಮೊದಲು ಹೇಳಿದ ಎರಡು ಗ್ಲಾಸ್ ನೆನಪು ಮಾಡಿಕೊಳ್ಳಿ. ಇಳಿಜಾರಿನ ಮೇಲಿನ ತುಂಡಿಗೂ ಕೆಳಗಿನದ್ದಕ್ಕೂ ಅಷ್ಟು ವ್ಯತ್ಯಾಸ ಅಂತ ತೋರಿಸಿದವರೇ ಕ್ಲೋ ದ ವೂಜೊದ ಗೋಡೆಯೊಳಗೆ ಇರೋದೆಲ್ಲ 'ಗ್ರಾಂ ಕ್ರೂ', ಅಂದರೆ ಅತ್ಯುನ್ನತ ದರ್ಜೆ ಅಂತಾರೆ. ಆದರೆ ಆ ತೋಟ ಮೇಲಿನ ಇಳಿಜಾರಿನಿಂದ ಕೆಳಗಿನ ಹೆದ್ದಾರಿಯವರೆಗೂ ಹರಡಿದೆ, ಕೆಳತುದಿ ಸಮತಟ್ಟು, ತೇವ ಹೆಚ್ಚು. ಹಾಗಿದ್ದೂ ದರ್ಜೆ ಒಂದೇ. ಯಾಕೆ? ಇಲ್ಲಿ ದರ್ಜೆ ತೀರ್ಮಾನ ಮಾಡಿದ್ದು ಮಣ್ಣಲ್ಲ, ಗೋಡೆ. ಮಠದ ಗೋಡೆಯ ಪ್ರತಿಷ್ಠೆಯನ್ನು ಕಾನೂನು ಹಾಗೇ ಒಪ್ಪಿಕೊಂಡಿತು. ನಾನು ಈ ಪ್ರಶ್ನೆ ಕೇಳಿದಾಗ ಗೈಡ್ ನಕ್ಕು, 'ಅದು ದೊಡ್ಡ ಚರ್ಚೆ' ಅಂತ ಹೇಳಿ ಕಾರಿನ ಬಾಗಿಲು ತೆರೆದರು. ನಾನು ದುಡ್ಡು ಕೊಟ್ಟಿದ್ದೇ ಆ ದೊಡ್ಡ ಚರ್ಚೆಗೆ!

ಸಂಪ್ರದಾಯಗಳ ಕಥೆಯೂ ಇಷ್ಟೇ. ಅದೇ ವೂಜೊ ಕೋಟೆಮನೆಯಲ್ಲಿ ಕೆಂಪು ನಿಲುವಂಗಿ ತೊಟ್ಟ 'ತಾಸ್ತ್‌ವಾಂ' ಬಳಗದ ಔತಣಕೂಟಗಳು ನಡೆಯುತ್ತವೆ. ನೋಡಿದರೆ ಮಧ್ಯಯುಗದ್ದು ಅನ್ನಿಸುತ್ತೆ. ಹುಟ್ಟಿದ್ದು 1934ರಲ್ಲಿ. ಆರ್ಥಿಕ ಕುಸಿತದಲ್ಲಿ ವೈನ್ ಕೊಳ್ಳೋರಿಲ್ಲದೆ ಕೂತಿದ್ದಾಗ ಊರಿನವರು ಹೂಡಿದ ಉಪಾಯ ಅದು. ಹಳ್ಳಿಗಳ ಜೋಡಿ ಹೆಸರೂ ಹಾಗೇ: ಜೆವ್ರೆ ಅನ್ನೋ ಹಳ್ಳಿ ತನ್ನ ಪ್ರಸಿದ್ಧ ತೋಟ ಶಾಂಬೆರ್ತಾಂ ಹೆಸರನ್ನು ಬಾಲಕ್ಕೆ ಕಟ್ಟಿಕೊಂಡಿದ್ದು 1847ರಲ್ಲಿ, ಪುಲಿನ್ಯಿ ತನ್ನ ಮೋಂರಾಶೆಯನ್ನು ಕಟ್ಟಿಕೊಂಡಿದ್ದು 1879ರಲ್ಲಿ. ನಮ್ಮ ಭಾಷೆಯಲ್ಲಿ ಹೇಳೋದಾದರೆ ಬ್ರ್ಯಾಂಡಿಂಗ್. ಮಾರ್ಕೆಟಿಂಗ್ ಟೀಮಿನಲ್ಲಿ ಕೆಲಸ ಮಾಡುವ ಗೆಳೆಯರಿಗೆ ಇದು ಪಾಠವಾಗಬಹುದಿತ್ತು. ಟೂರ್‌ನಲ್ಲಿ ಇದೂ ಸನ್ಯಾಸಿಗಳ ಕಾಲದ ಮಂಜಿನಲ್ಲಿ ಸೇರಿಹೋಯಿತು.

ಇಷ್ಟಕ್ಕೇ ಮುಗಿದಿದ್ದರೆ ಇದೊಂದು ಪಂಡಿತರ ತಕರಾರು ಅಂತ ಬಿಟ್ಟುಬಿಡಬಹುದಿತ್ತು. ಆದರೆ 'ಏನೂ ಬದಲಾಗಿಲ್ಲ' ಅನ್ನೋ ಮಾತು ಎರಡು ಕಡೆ ನಿಜಕ್ಕೂ ಚುಚ್ಚುತ್ತೆ.

ಒಂದು, ಹವಾಮಾನ. ಬೋನ್‌ನಲ್ಲಿ ದ್ರಾಕ್ಷಿ ಕೊಯ್ಲು ಯಾವ ದಿನ ಶುರುವಾಯಿತು ಅನ್ನೋದಕ್ಕೆ 1354ರಿಂದ ದಾಖಲೆ ಸಿಗುತ್ತೆ. ಸಂಶೋಧಕರು ಅದನ್ನೆಲ್ಲ ಜೋಡಿಸಿ 2019ರಲ್ಲಿ ಪ್ರಕಟಿಸಿದರು. 1988ರ ನಂತರ ಕೊಯ್ಲು ಹಿಂದಿನ ಆರು ಶತಮಾನಗಳ ಸರಾಸರಿಗಿಂತ ಸುಮಾರು 13 ದಿನ ಮುಂಚೆ ಬರ್ತಾ ಇದೆ. ಮುಂಚೆ ಚಿಗುರಿದ ಬಳ್ಳಿಗೆ ವಸಂತದ ಹಿಮ ಹೊಡೆಯುವ ಭಯವೂ ಜಾಸ್ತಿ. 2021ರ ಏಪ್ರಿಲ್‌ನಲ್ಲಿ ರಾತ್ರಿಯಿಡೀ ಸಾಲುಗಳ ನಡುವೆ ಬೆಂಕಿ ಹಚ್ಚಿ ಕಾದರೂ ಬೆಳೆ ಹೋಯಿತು. ಬೆಳೆಗಾರರು ಮಾತಿನ ಮಧ್ಯೆ 'ಈಗ ಆಗಸ್ಟ್‌ನಲ್ಲೇ ಕೊಯ್ಲು ಬಂದುಬಿಡುತ್ತೆ' ಅಂದರು. ಗೈಡ್ ಅದನ್ನು ಅನುವಾದಿಸದೆ ಮುಂದಿನ ಬಾಟಲಿಗೆ ಹೋದರು. ನನಗೆ ಬರುವ ಅರೆಬರೆ ಫ್ರೆಂಚ್‌ಗೆ ಅವತ್ತು ಕೃತಜ್ಞತೆ ಹೇಳಿಕೊಂಡೆ.

ಎರಡು, ಕೈಗಳು. ಒಳ್ಳೆಯ ತೋಟಗಳಲ್ಲಿ ಇವತ್ತಿಗೂ ಗೊನೆ ಕೊಯ್ಯೋದು ಮನುಷ್ಯರೇ, ಚಳಿಗಾಲದಲ್ಲಿ ಬಗ್ಗಿ ಬಳ್ಳಿ ಸವರೋದೂ ಮನುಷ್ಯರೇ. ಅವರಲ್ಲಿ ಎಷ್ಟೋ ಜನ ಪೂರ್ವ ಯುರೋಪಿನಿಂದಲೋ ಆಫ್ರಿಕಾದಿಂದಲೋ ಬಂದ ಹಂಗಾಮಿ ಕೂಲಿಗಳು. ಉತ್ತರದ ಶಾಂಪೇನ್ ಸೀಮೆಯಲ್ಲಿ 2023ರ ಕೊಯ್ಲಿನ ಬಿರುಬಿಸಿಲಿನ ದಿನಗಳಲ್ಲಿ ಕೆಲವು ಕೆಲಸಗಾರರು ಸತ್ತರು. ಅದೇ ಕೊಯ್ಲಿನಲ್ಲಿ ಐವತ್ತಕ್ಕೂ ಹೆಚ್ಚು ವಲಸಿಗರನ್ನು ಮನುಷ್ಯರು ಇರಲಾಗದ ಜಾಗದಲ್ಲಿಟ್ಟು ದುಡಿಸಿದ ಪ್ರಕರಣದಲ್ಲಿ 2025ರಲ್ಲಿ ನ್ಯಾಯಾಲಯ ಮಾನವ ಕಳ್ಳಸಾಗಣೆಯ ಅಪರಾಧಕ್ಕೆ ಶಿಕ್ಷೆ ಕೊಟ್ಟಿತು. ಬರ್ಗಂಡಿಯ ಪ್ರತಿ ತೋಟದಲ್ಲೂ ಹೀಗೇ ಅಂತ ನಾನು ಹೇಳ್ತಿಲ್ಲ. ಆದರೆ ಎಂಟು ಗಂಟೆಯ ನಿರೂಪಣೆಯಲ್ಲಿ ಸನ್ಯಾಸಿ, ಡ್ಯೂಕ್, ರಾಜಕುಮಾರ ಎಲ್ಲರೂ ಬಂದುಹೋದರು. ಕೊಯ್ಯುವವರು ಒಂದು ವಾಕ್ಯದಲ್ಲೂ ಬರಲಿಲ್ಲ.

ಇದರಿಂದ ನಮಗೇನು ನಷ್ಟ ಅಂತೀರಾ? ಸ್ಥಳಪುರಾಣ ಕೇಳಿ ವಾಪಸ್ ಬಂದವರು 'ಅವರ ಮಣ್ಣೇ ಬೇರೆ ಬಿಡಿ, ಪುಣ್ಯಭೂಮಿ' ಅಂತ ನಿಟ್ಟುಸಿರು ಬಿಡ್ತಾರೆ. ಚರಿತ್ರೆ ಕೇಳಿದ್ದರೆ ಬೇರೆಯೇ ತಿಳೀತಿತ್ತು. ಹುಳ ತಿಂದ ಮೇಲೆ ಕಲಬೆರಕೆ ವೈನ್ ಪ್ರಸಿದ್ಧ ಊರುಗಳ ಹೆಸರಿನಲ್ಲಿ ಮಾರಾಟವಾಗ್ತಿತ್ತು. ಬೆಳೆಗಾರರು ವ್ಯಾಪಾರಿಗಳ ವಿರುದ್ಧ ವರ್ಷಗಟ್ಟಲೆ ಕೋರ್ಟಿಗೆ ಅಲೆದರು. 1935ರಲ್ಲಿ ಕಾನೂನು ಬಂತು: ಊರಿನ ಹೆಸರು ಹಾಕಬೇಕಾದರೆ ಗಡಿ ಇದು, ತಳಿ ಇದು, ಎಕರೆಗೆ ಇಳುವರಿ ಇಷ್ಟೇ. ನಾವು ಇವತ್ತು ಜಿಐ ಟ್ಯಾಗ್ ಅನ್ನೋದಕ್ಕೂ ಈ ಯೋಚನೆಗೂ ನೆಂಟಸ್ತನ ಇದೆ. ನಮ್ಮ ದೇಶದ 1999ರ ಜಿಐ ಕಾಯ್ದೆ ವಿಶ್ವ ವ್ಯಾಪಾರ ಒಪ್ಪಂದದ ಕೂಸು, ಆ ಒಪ್ಪಂದದಲ್ಲಿ ವೈನ್ ಮತ್ತು ಮದ್ಯದ ಊರ ಹೆಸರುಗಳಿಗೇ ವಿಶೇಷ ರಕ್ಷಣೆ. ನಂಜನಗೂಡು ರಸಬಾಳೆಗೂ ಆ ಟ್ಯಾಗ್ ಇದೆ. ಸೊರಗು ರೋಗಕ್ಕೆ ಸಿಕ್ಕ ಆ ಬಾಳೆ ಮಾತ್ರ ತನ್ನ ಊರಲ್ಲೇ ಹುಡುಕಬೇಕಾದ ಸ್ಥಿತಿಗೆ ಬಂತು. ನಮ್ಮ ಮಣ್ಣಿಗೇನೂ ಗುಣ ಕಮ್ಮಿ ಇರಲಿಲ್ಲ. ಟ್ಯಾಗ್ ಹಿಂದೆ ನಿಲ್ಲುವ ಸಂಘ, ಜಗಳ, ಲೆಕ್ಕಪತ್ರ, ಬೆಲೆ ಇವು ಕಮ್ಮಿ ಇದ್ದವು. ಬರ್ಗಂಡಿಯಿಂದ ಕಲಿಯೋದಿದ್ದರೆ ಇದನ್ನ. ಅಷ್ಟು ದೂರ ಹೋಗಿ ಇದೊಂದನ್ನು ಬಿಟ್ಟು ಬಂದರೆ ಹೇಗೆ?

'ಪ್ರೈವೇಟ್' ಅನ್ನೋ ಪದದ ಬಗ್ಗೆ ಒಂದು ಮಾತು. ಅದಕ್ಕೆ ದುಡ್ಡು ಕೊಟ್ಟಿದ್ದಕ್ಕೆ ಸಿಕ್ಕಿದ್ದು ಏನು? ಗುಂಪಿನ ಗಲಾಟೆ ಇಲ್ಲ, ನಿಜ. ಕುಡಿದು ಕಾರು ಓಡಿಸುವ ತಲೆನೋವಿಲ್ಲ. ಅಲ್ಲಿ ರಕ್ತದಲ್ಲಿ ಲೀಟರಿಗೆ 0.5 ಗ್ರಾಂ ಆಲ್ಕೋಹಾಲ್ ಮುಟ್ಟಿದರೆ ದಂಡ. ಆದರೆ ಸ್ಕ್ರಿಪ್ಟ್ ಮಾತ್ರ ಗುಂಪಿಗೆ ಹೇಳುವುದೇ. ನಾನೊಬ್ಬನೇ ಪ್ರೇಕ್ಷಕ ಅನ್ನೋದಷ್ಟೇ ವ್ಯತ್ಯಾಸ. ಒಬ್ಬನೇ ಆದ್ದರಿಂದ ಕೊನೆಯಲ್ಲಿ ಬಾಟಲಿ ಕೊಳ್ಳದೆ ಎದ್ದರೆ ಆಗುವ ಮುಜುಗರವೂ ಪೂರ್ತಿ ನನ್ನದೇ. ನಾನು ಕೊಳ್ಳಲಿಲ್ಲ.

ಹಾಗಾದರೆ ಹೋಗಬೇಡಿ ಅಂತೀನಾ? ಇಲ್ಲ, ಹೋಗಿ. ಬುಕ್ ಮಾಡುವಾಗಲೇ ಮೇಲ್‌ನಲ್ಲಿ ಬರೆದುಬಿಡಿ: ಹಳ್ಳಿ ಆರು ಬೇಡ, ಎರಡು ಸಾಕು, ತೋಟದಲ್ಲಿ ಅರ್ಧ ದಿನ ನಡೆಯಬೇಕು, ಬೆಳೆಗಾರರ ಜೊತೆ ಒಂದು ಗಂಟೆ ಬೇಕು. ಅವರನ್ನು ಮೂರು ಪ್ರಶ್ನೆ ಕೇಳಿ. ಹತ್ತು ವರ್ಷದ ಹಿಂದೆ ಕೊಯ್ಲು ಯಾವಾಗ ಇತ್ತು? ಕೊಯ್ಯುವವರು ಎಲ್ಲಿಂದ ಬರ್ತಾರೆ, ಎಲ್ಲಿ ಮಲಗ್ತಾರೆ? ಈ ತೋಟ ನಿಮ್ಮ ಮಕ್ಕಳಿಗೆ ಹೇಗೆ ಪಾಲಾಗುತ್ತೆ? ಗೈಡ್ ಇದನ್ನೆಲ್ಲ ಖುಷಿಯಿಂದ ಅನುವಾದಿಸಿದರೆ ಆ ದುಡ್ಡು ಸಾರ್ಥಕ. ಬಜೆಟ್ ಕಮ್ಮಿ ಇದ್ದರೆ ದಿಜೋನ್‌ನಿಂದ ಬೋನ್‌ಗೆ ಲೋಕಲ್ ರೈಲಿದೆ, ಬೋನ್‌ನಿಂದ ಸಾಂತನೆವರೆಗೆ ತೋಟಗಳ ನಡುವೆಯೇ ಸೈಕಲ್ ದಾರಿ ಇದೆ. 1443ರಲ್ಲಿ ಬಡವರಿಗಾಗಿ ಕಟ್ಟಿದ ಬೋನ್‌ನ ಆಸ್ಪತ್ರೆಯನ್ನು ಟಿಕೆಟ್ ತಗೊಂಡು ನೀವೇ ನೋಡಬಹುದು. ದಾನವಾಗಿ ಬಂದ ತೋಟಗಳ ವೈನ್ ಹರಾಜು ಹಾಕಿ ಆಸ್ಪತ್ರೆಗೆ ಹಣ ಹೊಂದಿಸುವ ಪದ್ಧತಿ 1859ರಿಂದ ನಡೀತಾ ಇದೆ, ಪ್ರತಿ ನವೆಂಬರ್‌ನಲ್ಲಿ.

ಸ್ಟಾರ್ ಕೊಡಲೇಬೇಕು ಅಂದರೆ ಐದಕ್ಕೆ ಎರಡೂವರೆ. ಒಂದೂವರೆ ಆ ಎರಡು ಗ್ಲಾಸಿಗೆ, ಒಂದು ಅನುವಾದವಾಗದೇ ಉಳಿದ ಬೆಳೆಗಾರರ ಆ ಒಂದು ಮಾತಿಗೆ.